ಥಾಮಸ್ ಮಿಚೆಲ್: ಮುಖ ಗೊತ್ತು, ಹೆಸರು ಮಾತ್ರ ಬಾಯಿಗೆ ಬರಲ್ಲ

ಹಳೇರೀಲು:
ಮೊನ್ನೆ ರಾತ್ರಿ ಅಣ್ಣನ ಮಗನನ್ನು ಕೂರಿಸಿಕೊಂಡು 'ಸ್ಟೇಜ್‌ಕೋಚ್' ಅನ್ನೋ ಹಳೇ ಹಾಲಿವುಡ್ ಸಿನಿಮಾ ಹಾಕಿದ್ದೆ. ಹತ್ತು ನಿಮಿಷ ಆಗಿರಲಿಲ್ಲ, ಕುಡುಕ ಡಾಕ್ಟರ್ ತೆರೆ ಮೇಲೆ ಬಂದ ಕೂಡಲೇ ಹುಡುಗ "ಚಿಕ್ಕಪ್ಪಾ, ಇವರು 'ಇಟ್ಸ್ ಎ ವಂಡರ್‌ಫುಲ್ ಲೈಫ್'ನಲ್ಲಿ ಎಂಟು ಸಾವಿರ ಡಾಲರ್ ಕಳೆದುಕೊಳ್ಳೋ ಅಂಕಲ್ ಬಿಲ್ಲಿ ಅಲ್ವಾ?" ಅಂದ. ಹೌದು ಅಂದೆ. ಸ್ವಲ್ಪ ಹೊತ್ತಾದ ಮೇಲೆ "ಗಾನ್ ವಿತ್ ದ ವಿಂಡ್ ಹುಡುಗಿಯ ಅಪ್ಪನೂ ಇವರೇನಾ?" ಅಂತ ಕೇಳಿದ. ಅದಕ್ಕೂ ಹೌದು ಅಂದೆ. ಹಾಗಾದ್ರೆ ಇವರ ಹೆಸರೇನು ಅಂತ ಕೇಳಿದಾಗ ಮಾತ್ರ ನಾಲಗೆ ಹೊರಳಲಿಲ್ಲ. ಮೂವತ್ತು ವರ್ಷದಿಂದ ನೋಡುತ್ತಿರುವ ಮುಖ. ಹೆಸರು ನೆನಪಾಗಲು ಐದು ನಿಮಿಷ ಬೇಕಾಯಿತು.

ಥಾಮಸ್ ಮಿಚೆಲ್. 1892ರಲ್ಲಿ ನ್ಯೂ ಜೆರ್ಸಿಯ ಎಲಿಜಬೆತ್ ಊರಲ್ಲಿ ಹುಟ್ಟಿದವರು. ಅಪ್ಪ ಅಮ್ಮ ಐರ್ಲೆಂಡಿನಿಂದ ಬಂದವರು. ಮೊದಲು ಪತ್ರಿಕೆ ವರದಿಗಾರ, ಆಮೇಲೆ ನಾಟಕ, ಸಿನಿಮಾಗೆ ಸರಿಯಾಗಿ ಕಾಲಿಟ್ಟಾಗ ವಯಸ್ಸು ನಲವತ್ತು ದಾಟಿತ್ತು.

ಈಗ ವಿಷಯಕ್ಕೆ ಬರ್ತೀನಿ. 1939 ಒಂದೇ ವರ್ಷದಲ್ಲಿ ಇವರ ಐದು ಸಿನಿಮಾ ಬಂದಿವೆ. 'ಸ್ಟೇಜ್‌ಕೋಚ್', 'ಓನ್ಲಿ ಏಂಜಲ್ಸ್ ಹ್ಯಾವ್ ವಿಂಗ್ಸ್', 'ಮಿಸ್ಟರ್ ಸ್ಮಿತ್ ಗೋಸ್ ಟು ವಾಷಿಂಗ್ಟನ್', 'ಗಾನ್ ವಿತ್ ದ ವಿಂಡ್', 'ಹಂಚ್‌ಬ್ಯಾಕ್ ಆಫ್ ನಾಟ್ರ್ ಡಾಮ್'. ಫೋರ್ಡ್, ಹಾಕ್ಸ್, ಕಾಪ್ರಾ, ಫ್ಲೆಮಿಂಗ್, ಡೀಟರ್ಲೆ, ಹೀಗೆ ಐದು ಸಿನಿಮಾಗೆ ಐದು ಬೇರೆ ನಿರ್ದೇಶಕರು. ಅವುಗಳಲ್ಲಿ ಮೂರು ಆ ವರ್ಷದ ಅತ್ಯುತ್ತಮ ಚಿತ್ರದ ಆಸ್ಕರ್ ಪಟ್ಟಿಯಲ್ಲಿದ್ದವು. ಹೀರೋಗಳಿಗೂ ಇಂಥ ವರ್ಷ ಸಿಕ್ಕಿದ್ದು ನನಗೆ ನೆನಪಿಲ್ಲ. ನಾನು ಹೇಳೋದಿಷ್ಟೇ: ಆ ಕಾಲದ ಪೋಷಕ ನಟರಲ್ಲಿ ಮಿಚೆಲ್‌ಗೆ ಸಾಟಿ ಇಲ್ಲ. ಒಪ್ಪದವರು ಬನ್ನಿ, ಜಗಳ ಆಡೋಣ.

ನೈಟ್‌ಶೋ:
ಬಂದೆ ಗುರು. ಐದು ಸಿನಿಮಾ ನಿಜ. ಅದರಲ್ಲಿ ಎಷ್ಟರಲ್ಲಿ ಕೈಯಲ್ಲಿ ಗ್ಲಾಸು ಇಲ್ಲ ಅಂತ ಎಣಿಸಿ ಹೇಳಿ ನೋಡೋಣ. 'ಸ್ಟೇಜ್‌ಕೋಚ್'ನಲ್ಲಿ ಕುಡುಕ ಡಾಕ್ಟರ್, 'ಮಿಸ್ಟರ್ ಸ್ಮಿತ್'ನಲ್ಲಿ ಕುಡುಕ ವರದಿಗಾರ. ಎರಡು ವರ್ಷ ಹಿಂದೆ 1937ರಲ್ಲಿ ಅದೇ ಫೋರ್ಡ್ ಮಾಡಿದ 'ದ ಹರಿಕೇನ್'ನಲ್ಲಿ ಇನ್ನೊಬ್ಬ ಕುಡುಕ ಡಾಕ್ಟರ್, ಅದಕ್ಕೂ ಆಸ್ಕರ್ ನಾಮನಿರ್ದೇಶನ. 1940ರ 'ಲಾಂಗ್ ವಾಯೇಜ್ ಹೋಮ್'ನಲ್ಲಿ ಕುಡುಕ ನಾವಿಕ. ಅಂಕಲ್ ಬಿಲ್ಲಿ ಬಗ್ಗೆ ಹೇಳೋದೇ ಬೇಡ. ಒಂದು ಹಾಡನ್ನು ಚೆನ್ನಾಗಿ ಹಾಡ್ತಾರೆ, ಒಪ್ಪಿದೆ. ಆದರೆ ಒಂದೇ ಹಾಡು.

ಕಪ್ಪುಬಿಳುಪು:
ನಂಗೊಂದು ಡೌಟು. 'ಸಿಂಗಿನ್ ಇನ್ ದ ರೇನ್'ನಲ್ಲಿ ಸ್ಟುಡಿಯೋ ಮಾಲೀಕ ಇವರೇ ಅಲ್ವಾ? ಮಿಚೆಲ್ ಅಂತ ಟೈಟಲ್ ಕಾರ್ಡಲ್ಲಿ ನೋಡಿದ ನೆನಪು.

ಹಳೇರೀಲು:
ಅಲ್ಲ, ಅವರು ಮಿಲ್ಲಾರ್ಡ್ ಮಿಚೆಲ್. ಇನ್ನೂ ಒಬ್ಬರು ಕ್ಯಾಮೆರಾನ್ ಮಿಚೆಲ್ ಅಂತ ಇದ್ದಾರೆ. 'ಗಾನ್ ವಿತ್ ದ ವಿಂಡ್' ಕಾದಂಬರಿ ಬರೆದವರು ಮಾರ್ಗರೆಟ್ ಮಿಚೆಲ್. ಇವರ್‍ಯಾರಿಗೂ ನಮ್ಮ ಥಾಮಸ್‌ಗೂ ಸಂಬಂಧ ಇಲ್ಲ.

ನೈಟ್‌ಶೋ ಅವರೇ, ಕುಡುಕ ಪಾತ್ರ ಜಾಸ್ತಿ ಅನ್ನೋದು ನಿಜ, ತಪ್ಪಿಸಿಕೊಳ್ಳಲ್ಲ. ಆದರೆ ಕುಡುಕ ಅಂತ ಒಂದೇ ಚೀಟಿ ಅಂಟಿಸಿಬಿಟ್ಟರೆ ನೋಡಬೇಕಾದ್ದು ತಪ್ಪಿಹೋಗುತ್ತೆ. ಹೆಂಡ ಇಳಿದಾಗ ಆ ಮುಖ ಏನಾಗುತ್ತೆ ಅಂತ ನೋಡಿ.

'ಸ್ಟೇಜ್‌ಕೋಚ್'ನ ಡಾಕ್ ಬೂನ್. ಬಾಡಿಗೆ ಕೊಡದೆ ಮನೆಯಿಂದ ಹೊರಬಿದ್ದವನು. ಊರಿನ ಮರ್ಯಾದಸ್ಥ ಹೆಂಗಸರು ಸೇರಿ ಇವನನ್ನೂ ಡಲ್ಲಾಸ್ ಅನ್ನೋ ವೇಶ್ಯೆಯನ್ನೂ ಒಟ್ಟಿಗೆ ಊರು ಬಿಡಿಸುತ್ತಾರೆ. ಅವನಿಗೆ ನಾಚಿಕೆಯೇ ಇಲ್ಲ ಅನ್ನಿಸುತ್ತೆ, ರಾಜನ ಹಾಗೆ ಅವಳಿಗೆ ತೋಳು ಕೊಟ್ಟು ನಡೆಯುತ್ತಾನೆ. ಗಾಡಿಯಲ್ಲಿ ವಿಸ್ಕಿ ಮಾರುವ ಪೀಕಾಕ್ ಪಕ್ಕದಲ್ಲೇ ಜಾಗ ಹಿಡಿಯುತ್ತಾನೆ, ಯಾಕಂದ್ರೆ ಆ ಮನುಷ್ಯನ ಪೆಟ್ಟಿಗೆ ತುಂಬ ಸ್ಯಾಂಪಲ್ ಬಾಟಲಿ. ಪೀಕಾಕನ ಹೆಸರು ಯಾರ ಬಾಯಲ್ಲೂ ನಿಲ್ಲಲ್ಲ, ನೋಡಿದವರೆಲ್ಲ ಪಾದ್ರಿ ಅಂದುಕೊಳ್ಳುತ್ತಾರೆ. ಬೂನ್ ಮಾತ್ರ ಅವನ ಮಫ್ಲರ್ ಸರಿಮಾಡುತ್ತಾ ಮುದ್ದು ಮಾಡುತ್ತಾನೆ. ಇಲ್ಲೀವರೆಗೂ ನೀವು ಹೇಳಿದ್ದೇ ಸರಿ, ನಗಿಸುವ ಕುಡುಕ.

ಆಮೇಲೆ ದಾರಿ ಮಧ್ಯೆ ಸೇನಾಧಿಕಾರಿಯ ಹೆಂಡತಿಗೆ ಹೆರಿಗೆ ನೋವು. ಇರೋದು ಇವನೊಬ್ಬನೇ ಡಾಕ್ಟರು, ಅದೂ ನಿಲ್ಲಲಾರದ ಸ್ಥಿತಿಯಲ್ಲಿ. ಎಲ್ಲರೂ ತಿರುಗಿ ಅವನನ್ನು ನೋಡುತ್ತಾರೆ. ಆಗ ಮಿಚೆಲ್ ಮುಖದಲ್ಲಿ ನಗು ಇಳಿಯುತ್ತದೆ ನೋಡಿ, ನಲ್ಲಿ ತಿರುಗಿಸಿ ನೀರು ನಿಲ್ಲಿಸಿದ ಹಾಗೆ ಥಟ್ಟಂತ ಅಲ್ಲ, ತೊಟ್ಟುತೊಟ್ಟಾಗಿ. ಕಾಫಿ ಕೇಳುತ್ತಾನೆ. ಕಪ್ಪು ಕಾಫಿ, ಇನ್ನೊಂದು ಲೋಟ, ಮತ್ತೊಂದು ಲೋಟ. ಆ ಕಾಫಿ ಕುಡಿಯುವಾಗ ಅವನು ಯಾರ ಕಣ್ಣನ್ನೂ ನೋಡಲ್ಲ. ಹಿಂದೊಮ್ಮೆ ತಾನು ಒಳ್ಳೆ ವೈದ್ಯನಾಗಿದ್ದೆ ಅನ್ನೋ ನೆನಪು ಅವನಿಗೆ ಕಾಫಿಗಿಂತ ಕಹಿ. ಇದು ಕುಡುಕನ ನಟನೆ ಅಲ್ಲ ಸ್ವಾಮಿ, ನಾಚಿಕೆಯ ನಟನೆ.

ರೀಟಾ_ಮಂಗಳೂರು:
ಕಾಫಿ ಸೀನು ಒಪ್ಪಿದೆ. ನಂಗೆ ಅದಕ್ಕಿಂತ ಇಷ್ಟ ಕೊನೆಯಲ್ಲಿ ಲಾರ್ಡ್ಸ್‌ಬರ್ಗ್ ಸಲೂನಿನ ಸೀನು. ಪ್ಲಮ್ಮರ್ ಅನ್ನೋ ಕೊಲೆಗಡುಕ ಶಾಟ್‌ಗನ್ ತೆಗೊಂಡು ಹೊರಡುತ್ತಿರುತ್ತಾನೆ. ಬೂನ್ ಒಬ್ಬನೇ ಎದುರಿಗೆ ನಿಂತು, ಅದನ್ನು ಇಲ್ಲೇ ಇಟ್ಟು ಹೋಗು, ಇಲ್ಲದಿದ್ರೆ ಕೊಲೆ ಕೇಸು ಹಾಕಿಸ್ತೀನಿ ಅಂತಾನೆ. ದನಿ ನಡುಗಲ್ಲ. ಅವನು ಬಂದೂಕು ಬಿಟ್ಟು ಹೋದ ಮೇಲೆ ಬೂನ್ ಗ್ಲಾಸೆತ್ತಿ ಗಟಗಟ ಕುಡಿದು, ಇನ್ನೊಂದ್ಸಲ ಹೀಗೆ ಮಾಡೋಕೆ ನನ್ನನ್ನ ಬಿಡಬೇಡಿ ಅಂತಾನೆ. ಧೈರ್ಯ ತೋರಿಸಿ ಆದಮೇಲೆ ಹೆದರಿಕೊಳ್ಳೋದು! ಹೀರೋಗಳಿಗೆ ಆ ಅನುಕೂಲ ಇಲ್ಲ. ಅವರು ಆಮೇಲೂ ಹೀರೋ ಆಗಿಯೇ ನಿಂತಿರಬೇಕು.

ಅಂದಹಾಗೆ ಆ ಸಿನಿಮಾದ ಟೈಟಲ್‌ನಲ್ಲಿ ಮೊದಲ ಹೆಸರು ಕ್ಲೇರ್ ಟ್ರೆವರ್‌ದು, ಜಾನ್ ವೇನ್ ಎರಡನೆಯದು. ಈಗ ಎಲ್ಲ ಪೋಸ್ಟರಿನಲ್ಲೂ ವೇನ್ ಒಬ್ಬನೇ ದೊಡ್ಡದಾಗಿ ನಿಂತಿರ್ತಾನೆ.

ಕುಂದಾಪ್ರ_ಭಟ್ರು:
ಫೋರ್ಡ್ ಸೆಟ್ಟಿನಲ್ಲಿ ನಟರನ್ನು ಬೈಯುವುದರಲ್ಲಿ ಕುಖ್ಯಾತ. ಜಾನ್ ವೇನ್‌ನಂಥವನನ್ನೇ ಎಲ್ಲರ ಎದುರು ಅಳಿಸುವಷ್ಟು ಬೈಯುತ್ತಿದ್ದ ಅಂತಾರೆ. ಮಿಚೆಲ್ ಮೇಲೂ ಒಮ್ಮೆ ಎಗರಿದನಂತೆ. ಮಿಚೆಲ್ ತಣ್ಣಗೆ, ನಾನು ನಿಮ್ಮ 'ಮೇರಿ ಆಫ್ ಸ್ಕಾಟ್ಲೆಂಡ್' ನೋಡಿದ್ದೀನಿ, ನೆನಪಿರಲಿ ಅಂದರಂತೆ. ಅದು 1936ರಲ್ಲಿ ಫೋರ್ಡ್ ಮಾಡಿ ಮಕಾಡೆ ಮಲಗಿದ ಸಿನಿಮಾ. ಫೋರ್ಡ್ ಬಾಯಿ ಮುಚ್ಚಿತು ಅನ್ನೋದು ಕತೆ. ಸತ್ಯ ಎಷ್ಟೋ, ಉಪ್ಪುಖಾರ ಎಷ್ಟೋ, ಆದರೆ ಹಳೆ ಪತ್ರಕರ್ತನ ನಾಲಗೆ ಅಂದರೆ ಹಾಗೇ ಇರುತ್ತದೆ ಅನ್ನಿ.

ನೈಟ್‌ಶೋ:
ಕತೆ ಮಸ್ತಾಗಿದೆ ಭಟ್ರೇ 😄. ಆದರೂ ನನ್ನ ಪ್ರಶ್ನೆ ಹಾಗೇ ಇದೆ. ಸಾಟಿ ಇಲ್ಲ ಅಂತ ಬರೆದಿದ್ದೀರಲ್ಲ, ವಾಲ್ಟರ್ ಬ್ರೆನ್ನನ್ ಎಲ್ಲಿ ಹೋದ? 1936, 1938, 1940, ಮೂರು ಪೋಷಕ ನಟ ಆಸ್ಕರ್. ಬೇರೆ ಯಾವ ಗಂಡಸಿಗೂ ಆ ವಿಭಾಗದಲ್ಲಿ ಮೂರು ಬಂದಿಲ್ಲ. ಅಪಘಾತದಲ್ಲಿ ಹಲ್ಲು ಹೋಗಿದ್ದನ್ನೇ ಬಂಡವಾಳ ಮಾಡಿಕೊಂಡು, ಪಾತ್ರ ಕೊಟ್ಟವರಿಗೆ ಹಲ್ಲು ಹಾಕಿಕೊಂಡು ಬರಲಾ, ಬಿಟ್ಟು ಬರಲಾ ಅಂತ ಕೇಳ್ತಿದ್ದನಂತೆ. ಅದು ವೃತ್ತಿ ಅಂದ್ರೆ.

ಹಳೇರೀಲು:
ಬ್ರೆನ್ನನ್ ದೊಡ್ಡ ನಟ, ಎರಡು ಮಾತಿಲ್ಲ. 'ರೆಡ್ ರಿವರ್', 'ರಿಯೋ ಬ್ರಾವೋ' ಎಷ್ಟು ಸಲ ಬೇಕಾದ್ರೂ ನೋಡ್ತೀನಿ. ಆದರೆ ಆ ಮೂರು ಆಸ್ಕರ್ ಲೆಕ್ಕದ ಹಿಂದೆ ಒಂದು ಸಂಗತಿ ಇದೆ. ಆಗ ಎಕ್ಸ್‌ಟ್ರಾಗಳ ಸಂಘದವರಿಗೂ ವೋಟು ಇತ್ತು. ಬ್ರೆನ್ನನ್ ಬಹಳ ವರ್ಷ ಎಕ್ಸ್‌ಟ್ರಾ ಆಗಿಯೇ ದುಡಿದವರು, ಅವರೆಲ್ಲ ನಮ್ಮವನು ಅಂತ ಹಾಕುತ್ತಿದ್ದರು ಅನ್ನೋ ಮಾತು ಹಾಲಿವುಡ್‌ನಲ್ಲೇ ಇತ್ತು. ಆಮೇಲೆ ಅವರ ವೋಟು ತೆಗೆದರು.

ಇನ್ನೊಂದು ತಮಾಷೆ ಕೇಳಿ. ಪೋಷಕ ನಟ ವಿಭಾಗ ಶುರುವಾಗಿದ್ದೇ 1936ರ ಚಿತ್ರಗಳಿಂದ. ಮೊದಲ ಕೆಲವು ವರ್ಷ ಗೆದ್ದವರಿಗೆ ಆ ಚಿನ್ನದ ಗೊಂಬೆ ಕೊಡುತ್ತಿರಲಿಲ್ಲ, ಗೋಡೆಗೆ ನೇತುಹಾಕುವಂಥ ಫಲಕ ಕೊಡುತ್ತಿದ್ದರು. ಗೊಂಬೆ ಸಿಗಲು ಶುರುವಾಗಿದ್ದು 1944ರ ಸಮಾರಂಭದಿಂದ. ಹಾಗಾಗಿ 'ಸ್ಟೇಜ್‌ಕೋಚ್'ಗೆ ಪೋಷಕ ನಟ ಆಸ್ಕರ್ ಗೆದ್ದ ಮಿಚೆಲ್ ಮನೆಗೆ ಒಯ್ದಿದ್ದು ಫಲಕ. ಊಟಕ್ಕೆ ಕರೆದು ಎರಡನೇ ಪಂಕ್ತಿಯಲ್ಲಿ ಕೂರಿಸಿದ ಹಾಗೆ.

ರೀಟಾ_ಮಂಗಳೂರು:
ಪಂಕ್ತಿ ಅಂದಿದ್ದಕ್ಕೆ ಹೇಳಲೇಬೇಕು. ಅದೇ ರಾತ್ರಿ, 1940 ಫೆಬ್ರವರಿ 29, ಲಾಸ್ ಏಂಜಲೀಸ್‌ನ ಅಂಬಾಸಿಡರ್ ಹೋಟೆಲ್. 'ಗಾನ್ ವಿತ್ ದ ವಿಂಡ್'ಗೆ ಪೋಷಕ ನಟಿ ಫಲಕ ಪಡೆದ ಹ್ಯಾಟಿ ಮೆಕ್‌ಡೇನಿಯಲ್ ಅವರನ್ನು ತಮ್ಮ ಸಿನಿಮಾದವರ ಜೊತೆ ಕೂರಲು ಬಿಡಲಿಲ್ಲ. ಪಕ್ಕದಲ್ಲಿ ಬೇರೆ ಟೇಬಲ್. ಆಸ್ಕರ್ ಗೆದ್ದ ಮೊದಲ ಕಪ್ಪು ಕಲಾವಿದೆ ಅವರು. ಅವರ ಫಲಕ ಆಮೇಲೆ ಹೋವರ್ಡ್ ವಿಶ್ವವಿದ್ಯಾಲಯಕ್ಕೆ ಹೋಗಿ ಅಲ್ಲಿಂದ ಕಾಣೆಯಾಯಿತು. ಆಸ್ಕರ್ ಕೊಡುವ ಅಕಾಡೆಮಿ ಬದಲಿಗೆ ಇನ್ನೊಂದು ಕೊಟ್ಟಿದ್ದು 2023ರಲ್ಲಿ.

ಮಿಚೆಲ್ ಅದೇ ಸಿನಿಮಾದಲ್ಲಿ ಜೆರಾಲ್ಡ್ ಓಹಾರಾ. ಭೂಮಿ ಒಂದೇ ಕಣಮ್ಮಾ ಉಳಿಯೋದು ಅಂತ ಮಗಳಿಗೆ ಹೇಳುವ ಐರಿಷ್ ಜಮೀನ್ದಾರ. ಅವರ ನಟನೆ ಚೆನ್ನಾಗಿದೆ, ಸರಿ. ಆದರೆ ಆ ಭೂಮಿಯಲ್ಲಿ ದುಡಿಯುತ್ತಿದ್ದವರು ಗುಲಾಮರು, ಸಿನಿಮಾ ಅದನ್ನು ಜರತಾರಿ ಸೀರೆಯಲ್ಲಿ ಸುತ್ತಿ ತೋರಿಸುತ್ತದೆ. ಆ ಸಂಭಾಷಣೆ ಕೇಳಿದಾಗಲೆಲ್ಲ ನನಗೆ ಇರುಸುಮುರುಸು.

ಹಳೇರೀಲು:
ನಿಜ ಮೇಡಂ. ನನಗೆ ಆ ಪಾತ್ರದಲ್ಲಿ ಉಳಿಯೋದು ಭೂಮಿ ಮಾತಲ್ಲ. ಯುದ್ಧದಲ್ಲಿ ಅಟ್ಲಾಂಟಾ ಬಿದ್ದ ಮೇಲೆ ಮಗಳು ಸ್ಕಾರ್ಲೆಟ್ ಮನೆಗೆ ಬಂದಾಗ ಅಪ್ಪ ಬೆಲೆಯಿಲ್ಲದ ಬಾಂಡ್ ಪತ್ರಗಳನ್ನು ಹಿಡಿದುಕೊಂಡು, ನಮ್ಮಮ್ಮನನ್ನು ಕೇಳಬೇಕು ಅನ್ನೋ ಮಗುವಿನ ಹಾಗೆ ಸತ್ತುಹೋದ ಹೆಂಡತಿಯನ್ನು ಕೇಳಿ ಹೇಳ್ತೀನಿ ಅಂತಾನಲ್ಲ, ಅದು.

ಮಲ್ನಾಡ್_ಹುಡ್ಗ:
ನಮ್ಮಲ್ಲೂ ಬಾಲಕೃಷ್ಣ, ಅಶ್ವತ್ಥ್ ಅಂಥವರು ಇದ್ದರಲ್ವಾ, ಅವರಿಗೆ ಹೋಲಿಸಿ

ಹಳೇರೀಲು:
ಬೇಡ ಮಾರಾಯ. ಅವರಿಗೆ ಬೇರೆ ಚರ್ಚೆ ತೆಗಿ, ಮೊದಲು ಬರೋದು ನಾನೇ. ಇಲ್ಲಿ ಮಿಚೆಲ್ ಒಬ್ಬರೇ ಇರಲಿ, ಅವರಿಗೆ ಹೇಗೂ ಯಾವತ್ತೂ ಒಂಟಿಯಾಗಿ ಫೋಟೋ ಬಂದಿಲ್ಲ.

ಕಪ್ಪುಬಿಳುಪು:
ನಾನು ಇವರನ್ನೆಲ್ಲ ಮೊದಲು ನೋಡಿದ್ದು ಕೇಬಲ್ಲಿನಲ್ಲಿ. ತೊಂಬತ್ತರ ದಶಕ. ಕಾರ್ಟೂನ್ ನೆಟ್‌ವರ್ಕ್ ರಾತ್ರಿ ಮುಗಿದು ಅದೇ ಚಾನೆಲ್‌ನಲ್ಲಿ ಟಿಎನ್‌ಟಿ ಶುರುವಾಗುತ್ತಿತ್ತು. ಟಾಮ್ ಅಂಡ್ ಜೆರ್‍ರಿ ನೋಡ್ತಾ ಇದ್ದವನಿಗೆ ದಿಢೀರನೆ ಕಪ್ಪುಬಿಳುಪು ಜನ ಬಂದು ಇಂಗ್ಲಿಷ್‌ನಲ್ಲಿ ಜೋರಾಗಿ ಮಾತಾಡೋರು. ಅಮ್ಮ ಬಂದು ಮಲಗೋ ಅನ್ನೋರು. ರಿಮೋಟ್ ಬಚ್ಚಿಟ್ಟುಕೊಂಡು ಸೌಂಡ್ ಕಮ್ಮಿ ಮಾಡಿ ನೋಡುತ್ತಿದ್ದೆ. ಮಾತು ಅರ್ಥ ಆಗುತ್ತಿರಲಿಲ್ಲ, ಅದಕ್ಕೇ ಏನೋ ಹೀರೋಗಳಿಗಿಂತ ಈ ದಪ್ಪ ಹುಬ್ಬಿನ, ಕೆದರಿದ ಕೂದಲಿನ ಮನುಷ್ಯರೇ ನೆನಪಲ್ಲಿ ಉಳಿದಿದ್ದು. ಸೌಂಡ್ ಇಲ್ಲದೆ ಮಿಚೆಲ್‌ನ ಒಂದ್ಸಲ ನೋಡಿ. ಕೈಬೆರಳುಗಳೇ ಅರ್ಧ ಮಾತಾಡುತ್ತವೆ.

ಸಿಂಚನ_ಧಾರವಾಡ:
ಬೆರಳು ಅಂದ್ರಿ ನೋಡ್ರಿ, ಅಂಕಲ್ ಬಿಲ್ಲಿ ಬೆರಳಿಗೆ ದಾರ ಕಟ್ಟಿಕೊಂಡಿರ್ತಾನಲ್ಲ! ಮರೆಯಬಾರದು ಅಂತ ಕಟ್ಟಿದ ದಾರ, ಯಾಕೆ ಕಟ್ಟಿದ್ದು ಅಂತ ಮರೆತಿರ್ತಾನೆ. ನಮ್ಮ ದೊಡ್ಡಪ್ಪ ಥೇಟ್ ಹಾಂಗ, ಸೆರಗಿನ ಗಂಟಿನ ಬದಲು ಕರ್ಚೀಫಿಗೆ ಗಂಟು.

'ಇಟ್ಸ್ ಎ ವಂಡರ್‌ಫುಲ್ ಲೈಫ್' ಬ್ಯಾಂಕಿನ ಸೀನು ನಾನು ಭಾಳ ಸಲ ಹಿಂದೆ ಹಾಕಿ ಮುಂದೆ ಹಾಕಿ ನೋಡಿದ್ದೇನೆ. ದುಡ್ಡು ಕಟ್ಟಲು ಬಂದಿರ್ತಾನೆ, ಲಕೋಟೆಯಲ್ಲಿ 8000 ಡಾಲರ್. ಅಷ್ಟರಲ್ಲಿ ಊರಿನ ಜಿಪುಣ ಸಾಹುಕಾರ ಪಾಟರ್ ಗಾಲಿಕುರ್ಚಿಯಲ್ಲಿ ಬರ್ತಾನೆ. ತಮ್ಮ ಮನೆಯ ಹುಡುಗ ಯುದ್ಧದಲ್ಲಿ ಪದಕ ಗೆದ್ದ ಸುದ್ದಿ ಪಾಟರನ ಕೈಯಲ್ಲಿದ್ದ ಪೇಪರಿನಲ್ಲೇ ಬಂದಿದೆ. ಅದನ್ನು ಕಸಿದುಕೊಂಡು ಅವನಿಗೇ ಓದಿ ಹೇಳಿ ಅಣಕಿಸಿ, ಪೇಪರ್ ಮಡಚಿ ಅವನ ತೊಡೆ ಮೇಲೆ ಒಗೆಯುತ್ತಾನೆ. ಲಕೋಟೆ ಪೇಪರಿನ ಮಡಿಕೆಯೊಳಗೆ ಹೋಗಿಬಿಟ್ಟಿದೆ. ಇವನು ಜಂಬದಿಂದ ಕೌಂಟರಿಗೆ ಹೋಗ್ತಾನೆ, ಒಳಗಿನವ ದುಡ್ಡು ಎಲ್ಲಿ ಅಂತ ಕೇಳಿದ ಮೇಲೆ ಒಂದು ಜೇಬು ಮುಟ್ತಾನೆ, ಇನ್ನೊಂದು, ಮತ್ತೆ ಮೊದಲನೆಯದು. ಮೊದಲನೇ ಸಲ ಮುಟ್ಟುವಾಗ ಇನ್ನೂ ನಗು ಇರ್ತದೆ. ಮೂರನೇ ಸಲಕ್ಕೆ ಕೈ ಅವನದ್ದಲ್ಲ ಅನ್ನೋ ಹಾಗೆ ಓಡಾಡ್ತದೆ. ನನಗೆ ಹೊಟ್ಟೆಯಲ್ಲಿ ಏನೋ ಕಲಕಿದ ಹಾಗೆ ಆಗ್ತದ್ರಿ, ಯಾಕಂದ್ರೆ ಬಸ್ಸಿನಲ್ಲಿ ಪರ್ಸು ಹೋದಾಗ ನಾನೂ ಹಿಂಗೇ ಇದ್ದೆ, ಖಾಲಿ ಅಂತ ಗೊತ್ತಿದ್ದ ಜೇಬಿಗೇ ಮತ್ತೆ ಮತ್ತೆ ಕೈ ಹಾಕುತ್ತಿದ್ದೆ.

ಆಮೇಲೆ ಅಣ್ಣನ ಮಗನಾಗಿರೋ ಜೇಮ್ಸ್ ಸ್ಟುವರ್ಟ್ ಅವನ ಕೋಟು ಹಿಡಿದು ಅಲ್ಲಾಡಿಸಿ, ಜೈಲಿಗೆ ಹೋಗೋದು ನಾನಂತೂ ಅಲ್ಲ ಅಂತ ಬೈದು ಹೋಗ್ತಾನೆ. ಬಿಲ್ಲಿ ಮೇಜಿನ ಮೇಲೆ ತಲೆ ಇಟ್ಟು ಅಳ್ತಿರ್ತಾನೆ. ಒಂದು ಅಳಿಲು ಬಂದು ಅವನ ತೋಳು ಹತ್ತುತ್ತದೆ. ಅಲ್ಲಿ ನಾನು ಯಾವತ್ತೂ ಸೋಲ್ತೇನೆ.

ಕುಂದಾಪ್ರ_ಭಟ್ರು:
ಆ ಸಿನಿಮಾದ್ದೇ ಇನ್ನೊಂದು ತುಣುಕು. ಪಾರ್ಟಿ ಮುಗಿದು ಬಿಲ್ಲಿ ತೂರಾಡುತ್ತಾ ಹೋಗ್ತಾನಲ್ಲ, ಕ್ಯಾಮೆರಾಗೆ ಕಾಣದ ಕಡೆ ದಡಬಡ ಅಂತ ಏನೋ ಬಿದ್ದ ಸದ್ದು, ತಕ್ಷಣ ಬಿಲ್ಲಿ ದನಿ, ನಂಗೇನೂ ಆಗಿಲ್ಲ ಅಂತ. ಆ ಸದ್ದು ಸ್ಕ್ರಿಪ್ಟಿನಲ್ಲಿ ಇರಲಿಲ್ಲ, ಕೆಲಸದವರ ಕೈಯಿಂದ ಸಾಮಾನು ಬಿದ್ದಿದ್ದು, ಮಿಚೆಲ್ ಅಲ್ಲೇ ಹೊಳೆದ ಮಾತು ಕೂಗಿಬಿಟ್ಟರು, ಸ್ಟುವರ್ಟ್ ನಕ್ಕಿದ್ದೂ ನಿಜವಾದ ನಗು ಅಂತ ಹೇಳುತ್ತಾರೆ. ಕಾಪ್ರಾ ಹಾಗೇ ಉಳಿಸಿಕೊಂಡರು.

1946ರಲ್ಲಿ ಬಂದಾಗ ಅದು ಹಾಕಿದ ದುಡ್ಡನ್ನೂ ತರಲಿಲ್ಲ ಗೊತ್ತಾ. 1974ರಲ್ಲಿ ಹಕ್ಕುಸ್ವಾಮ್ಯ ನವೀಕರಿಸೋದು ಮರೆತರು. ಟಿವಿಯವರು ಬಿಟ್ಟಿ ಸಿಕ್ಕಿತು ಅಂತ ಕ್ರಿಸ್ಮಸ್‌ಗೆ ಹಾಕಿದರು, ಹಾಕಿದರು, ಹಾಕುತ್ತಲೇ ಇದ್ದರು. ಒಬ್ಬರ ಮರೆವಿನಿಂದ ಅಮೆರಿಕದ ಹಬ್ಬದ ಸಿನಿಮಾ ಆಯಿತು. ಅಂಕಲ್ ಬಿಲ್ಲಿಗೆ ತಕ್ಕದ್ದೇ.

ನೈಟ್‌ಶೋ:
ಸಿಂಚನ ಅಕ್ಕ, ಬ್ಯಾಂಕ್ ಸೀನು ಈಗಷ್ಟೇ ಮತ್ತೆ ನೋಡಿದೆ. ಜೇಬಿನ ವಿಷಯ ಸರಿ, ಒಂದು ಮಾರ್ಕು ಕೊಡ್ತೀನಿ. ಆದರೆ ಇದೂ ಅದೇ ಥರದ್ದೇ ತಾನೆ, ಅಯ್ಯೋ ಪಾಪ ಅನ್ನಿಸುವ ಮುದುಕ. ಕುಡಿಯದ, ಅಳದ, ನಮ್ಮ ಕೈಲಿ ಅಯ್ಯೋ ಅನ್ನಿಸದ ಒಂದು ಮಿಚೆಲ್ ತೋರಿಸಿ, ಒಪ್ಪಿಕೊಳ್ತೀನಿ.

ಹಳೇರೀಲು:
ಮೂರು ತೋರಿಸ್ತೀನಿ.

ಒಂದು, 'ಓನ್ಲಿ ಏಂಜಲ್ಸ್ ಹ್ಯಾವ್ ವಿಂಗ್ಸ್'ನ ಕಿಡ್. ದಕ್ಷಿಣ ಅಮೆರಿಕದ ಯಾವುದೋ ಬಂದರಿನಲ್ಲಿ ಅಂಚೆ ವಿಮಾನ ಹಾರಿಸುವವರ ಗುಂಪು. ಕಿಡ್ ವಯಸ್ಸಾದ ಪೈಲಟ್, ಕಣ್ಣು ಮಂಜಾಗುತ್ತಿದೆ, ಮುಚ್ಚಿಡುತ್ತಿದ್ದಾನೆ. ಬಾಸ್ ಕ್ಯಾರಿ ಗ್ರಾಂಟ್ ಹತ್ರ ಯಾವತ್ತೂ ಬೆಂಕಿಪೊಟ್ಟಣ ಇರಲ್ಲ, ಅವನು ಸಿಗರೇಟು ಬಾಯಿಗಿಟ್ಟ ಕೂಡಲೇ ಕಿಡ್ ಕಡ್ಡಿ ಗೀರಿರುತ್ತಾನೆ. ಅವರಿಬ್ಬರ ಸ್ನೇಹದ ಬಗ್ಗೆ ಸಿನಿಮಾ ಬೇರೆ ಭಾಷಣ ಮಾಡಲ್ಲ. ಕೊನೆಗೆ ವಿಮಾನ ಬಿದ್ದು ಕುತ್ತಿಗೆ ಮುರಿದಿದೆ, ಸಾಯ್ತೀನಿ ಅಂತ ಗೊತ್ತು. ಇದೂ ಮೊದಲ ಸಲ ಒಬ್ಬನೇ ವಿಮಾನ ಹಾರಿಸಿದ ಹಾಗೆ, ತಪ್ಪು ಮಾಡಿದರೆ ಯಾರೂ ನೋಡುತ್ತಿರಬಾರದು ಅನ್ನೋ ಅರ್ಥದಲ್ಲಿ ಎಲ್ಲರನ್ನೂ ಹೊರಗೆ ಕಳಿಸುತ್ತಾನೆ, ಗ್ರಾಂಟ್‌ನನ್ನೂ. ಕಣ್ಣೀರಿಗೆ ಅವಕಾಶವೇ ಕೊಡಲ್ಲ.

ಎರಡು, 'ಮೇಕ್ ವೇ ಫಾರ್ ಟುಮಾರೋ', 1937, ಲಿಯೋ ಮೆಕೇರಿ. ಮನೆ ಬ್ಯಾಂಕಿನ ಪಾಲಾಗಿ, ವಯಸ್ಸಾದ ಅಪ್ಪ ಅಮ್ಮ ಬೇರೆ ಬೇರೆ ಮಕ್ಕಳ ಮನೆ ಸೇರಬೇಕಾಗುತ್ತೆ. ಮಿಚೆಲ್ ಹಿರಿ ಮಗ ಜಾರ್ಜ್. ಒಳ್ಳೆಯವನೇ. ಆದರೂ ಅಮ್ಮನನ್ನು ವೃದ್ಧಾಶ್ರಮಕ್ಕೆ ಕಳಿಸಲು ಒಪ್ಪಿಬಿಟ್ಟಿದ್ದಾನೆ. ಹೇಳಬೇಕು ಅಂತ ಅಮ್ಮನ ಹತ್ರ ಬಂದು ಕೂರುತ್ತಾನೆ, ಬಾಯಿ ತೆರೆಯುತ್ತಾನೆ, ಆಗಲ್ಲ. ಅಮ್ಮನಿಗೆ ವಿಷಯ ಮೊದಲೇ ಗೊತ್ತಾಗಿರುತ್ತೆ. ಮಗನಿಗೆ ಕಷ್ಟ ಆಗಬಾರದು ಅಂತ ಅವಳೇ ಶುರು ಮಾಡುತ್ತಾಳೆ, ನಂಗೆ ಆ ಆಶ್ರಮಕ್ಕೆ ಹೋಗಬೇಕು ಅನ್ನಿಸಿದೆ ಕಣಪ್ಪ ಅಂತ. ಆಗ ಮಿಚೆಲ್ ಮುಖ ನೋಡಿ. ಬಿಡುಗಡೆ ಸಿಕ್ಕ ಸಮಾಧಾನ, ಸಮಾಧಾನ ಆಯಿತಲ್ಲ ಅನ್ನೋ ಅಸಹ್ಯ, ಎರಡೂ ಒಟ್ಟಿಗೆ. ಅಲ್ಲಿ ಅವನ ಬಗ್ಗೆ ಅಯ್ಯೋ ಪಾಪ ಅನ್ನಿಸಲ್ಲ ನೈಟ್‌ಶೋ ಅವರೇ, ನಾವೂ ಹೀಗೇ ಮಾಡ್ತಿದ್ವಾ ಅಂತ ಭಯ ಆಗುತ್ತೆ.

ಮೂರನೆಯದು 'ಹೈ ನೂನ್', 1952. ಅದನ್ನು ನಾನು ವಿವರಿಸಲ್ಲ. ಚರ್ಚ್ ಸೀನು ನೋಡಿ ಬಂದು ನೀವೇ ಹೇಳಿ.

ಸಿಂಚನ_ಧಾರವಾಡ:
'ಮೇಕ್ ವೇ'ಯಲ್ಲಿ ಅಮ್ಮನಾಗಿದ್ದವರು ಬ್ಯೂಲಾ ಬಾಂಡಿ ಅಲ್ಲೇನ್ರಿ? ಅವರು ಮಿಚೆಲ್‌ಗಿಂತ ಮೂರ್ನಾಲ್ಕು ವರ್ಷಕ್ಕಷ್ಟೇ ದೊಡ್ಡವರು! ಮೇಕಪ್ಪು, ನಡಿಗೆ, ಕೂತಾಗ ಬೆನ್ನು ಬಾಗುವ ರೀತಿ, ಅಷ್ಟರಲ್ಲೇ ಎಪ್ಪತ್ತು ದಾಟಿದವರಾಗಿಬಿಟ್ಟಿದ್ದಾರೆ. ಒಂಬತ್ತು ವರ್ಷ ಬಿಟ್ಟು 'ವಂಡರ್‌ಫುಲ್ ಲೈಫ್'ನಲ್ಲಿ ಸ್ಟುವರ್ಟ್ ತಾಯಿಯೂ ಅವರೇ. ಅಂದರೆ ಬಿಲ್ಲಿಗೆ ಅತ್ತಿಗೆ. 1937ರಲ್ಲಿ ತಾಯಿ, 1946ರಲ್ಲಿ ಅತ್ತಿಗೆ. ಹಾಲಿವುಡ್ಡಿನ ಸಂಬಂಧ ನಮ್ಮ ಸೋದರಿಕೆ ಲೆಕ್ಕಕ್ಕಿಂತ ತೊಡಕು 😀

ರೀಟಾ_ಮಂಗಳೂರು:
ಹೆಂಗಸರ ಕತೆ ಬಂತಲ್ಲ, ಥೆಲ್ಮಾ ರಿಟ್ಟರ್ ಹೆಸರು ಹೇಳದೆ ಹೋಗಲ್ಲ. ಆರು ಸಲ ನಾಮನಿರ್ದೇಶನ, ಒಂದೂ ಬರಲಿಲ್ಲ. ಮೊದಲ ಸಿನಿಮಾ 1947ರ 'ಮಿರಾಕಲ್ ಆನ್ 34ತ್ ಸ್ಟ್ರೀಟ್', ಅದರಲ್ಲಿ ಹೆಸರೂ ಹಾಕಿರಲಿಲ್ಲ. 'ಪಿಕಪ್ ಆನ್ ಸೌತ್ ಸ್ಟ್ರೀಟ್'ನಲ್ಲಿ ಟೈ ಮಾರುತ್ತಾ ಪೊಲೀಸರಿಗೆ ಸುದ್ದಿ ಮಾರುವ ಮೋ. ಅನಾಥ ಹೆಣದ ಹಾಗೆ ಹೂಳಿಸಿಕೊಳ್ಳಬಾರದು ಅಂತ ತನ್ನ ಮಣ್ಣಿಗೆ ತಾನೇ ದುಡ್ಡು ಕೂಡಿಡುತ್ತಿರುತ್ತಾಳೆ. ಅದು ಬಂದ ವರ್ಷ ಗೆದ್ದವರು ಡಾನಾ ರೀಡ್, 'ವಂಡರ್‌ಫುಲ್ ಲೈಫ್'ನ ಹೆಂಡತಿ. ಸುತ್ತಿ ಸುತ್ತಿ ಎಲ್ಲರೂ ಅದೇ ಊರಿನವರು.

ಕಪ್ಪುಬಿಳುಪು:
ಒಂದು ಪ್ರಶ್ನೆ. ಇಷ್ಟು ಚೆನ್ನಾಗಿದ್ದರೆ ಮಿಚೆಲ್ ಯಾವತ್ತೂ ಮುಖ್ಯ ಪಾತ್ರ ಮಾಡಲೇ ಇಲ್ವಾ?

ಕುಂದಾಪ್ರ_ಭಟ್ರು:
ಸಿನಿಮಾದಲ್ಲಿ ಇಲ್ಲವೆಂದೇ ಅನ್ನಬೇಕು. ನಾಟಕದಲ್ಲಿ ಮಾಡಿದ್ದಾರೆ. 'ಡೆತ್ ಆಫ್ ಎ ಸೇಲ್ಸ್‌ಮನ್' ಊರೂರು ತಿರುಗಿದ ತಂಡದಲ್ಲಿ ವಿಲ್ಲಿ ಲೋಮನ್ ಇವರೇ. ಬರೆಯುತ್ತಲೂ ಇದ್ದರು. ಫ್ಲಾಯ್ಡ್ ಡೆಲ್ ಜೊತೆ ಬರೆದ 'ಲಿಟಲ್ ಆಕ್ಸಿಡೆಂಟ್' 1928ರಲ್ಲಿ ಬ್ರಾಡ್‌ವೇಯಲ್ಲಿ ಬಂತು. ಅದನ್ನು ಮೂರು ಸಲ ಸಿನಿಮಾ ಮಾಡಿದರು, 1930, 1939, 1944. ಮಧ್ಯದ ವರ್ಷ ನೋಡಿದಿರಾ? ಹಳೇರೀಲು ಐದು ಅಂದ 1939ಕ್ಕೆ ಇನ್ನೊಂದು ಸೇರಿಸಿಕೊಳ್ಳಿ.

1953ರಲ್ಲಿ ಟಿವಿಯವರ ಎಮ್ಮಿ ಪ್ರಶಸ್ತಿ ಬಂತು, ಅದೇ ವರ್ಷ 'ಹೇಜಲ್ ಫ್ಲಾಗ್' ಸಂಗೀತ ನಾಟಕಕ್ಕೆ ರಂಗಭೂಮಿಯ ಟೋನಿ. ಆಸ್ಕರ್, ಎಮ್ಮಿ, ಟೋನಿ ಮೂರೂ ಪಡೆದ ಮೊದಲ ಗಂಡಸು ಇವರು. ಹೆಂಗಸರಲ್ಲಿ ಹೆಲೆನ್ ಹೇಯ್ಸ್.

ಕಡೆಯ ಪಾತ್ರ ಯಾವುದು ಗೊತ್ತಾ? ಕೊಲಂಬೊ! ಅದೇ, ಸುಕ್ಕಾದ ಕೋಟಿನ ಪತ್ತೇದಾರ. ಪೀಟರ್ ಫಾಲ್ಕ್ ಆ ಪಾತ್ರದಲ್ಲಿ ಟಿವಿಗೆ ಬರುವ ಮುಂಚೆ 1962ರಲ್ಲಿ 'ಪ್ರಿಸ್ಕ್ರಿಪ್ಷನ್ ಮರ್ಡರ್' ಅಂತ ನಾಟಕವಾಗಿ ಅದು ಊರೂರು ಹೋಗಿತ್ತು. ಕೊಲೆಗಾರನಾಗಿ ಜೋಸೆಫ್ ಕಾಟನ್, ಅವನದ್ದೇ ದೊಡ್ಡ ಪಾತ್ರ. ಕೊಲಂಬೊ ಪಕ್ಕದ ಪಾತ್ರ. ಜನ ಚಪ್ಪಾಳೆ ತಟ್ಟಿದ್ದು ಪಕ್ಕದ ಪಾತ್ರಕ್ಕೆ.

ಹಳೇರೀಲು:
ಇದು ನನಗೇ ಗೊತ್ತಿರಲಿಲ್ಲ ಭಟ್ರೇ! ಈಗ ಯೋಚನೆ ಮಾಡಿದರೆ ಹೊಂದುತ್ತೆ. ಮರೆಗುಳಿಯ ಹಾಗೆ ಜೇಬು ತಡಕುವುದು, ಬಾಗಿಲವರೆಗೂ ಹೋಗಿ ತಿರುಗುವುದು, ಎದುರಿನವನಿಗೆ ಇವನೇನು ಮಹಾ ಅನ್ನಿಸುವ ಹಾಗೆ ಇರುವುದು. ಅಂಕಲ್ ಬಿಲ್ಲಿ ಒಳಗೆ ಒಬ್ಬ ಬುದ್ಧಿವಂತ ಕೂತಿದ್ದರೆ ಅವನೇ ಕೊಲಂಬೊ.

ಆ ವರ್ಷವೇ, 1962 ಡಿಸೆಂಬರ್ 17ಕ್ಕೆ ತೀರಿಕೊಂಡರು, ಕ್ಯಾನ್ಸರ್. ಎರಡು ದಿನ ಮುಂಚೆ ಡಿಸೆಂಬರ್ 15ಕ್ಕೆ ಚಾರ್ಲ್ಸ್ ಲಾಟನ್ ಹೋಗಿದ್ದರು. 'ಹಂಚ್‌ಬ್ಯಾಕ್'ನಲ್ಲಿ ಗೂನು ಬೆನ್ನಿನವನು ಲಾಟನ್, ಭಿಕ್ಷುಕರ ರಾಜ ಮಿಚೆಲ್.

ಮಲ್ನಾಡ್_ಹುಡ್ಗ:
'ಲಾಸ್ಟ್ ಹೊರೈಜನ್'ನಲ್ಲೂ ಇದ್ದಾರೆ ಅಲ್ವಾ? ಸ್ವರ್ಗದಂಥ ಶಾಂಗ್ರಿಲಾಗೆ ಹೋಗಿ ಅಲ್ಲಿ ನಲ್ಲಿ ಪೈಪ್ ಹಾಕಿಸೋ ಯೋಜನೆ ಮಾಡೋ ಮೋಸಗಾರ. ನಂಗೆ ಅದೊಂದೇ ಇಷ್ಟ ಆಗಿದ್ದು ಆ ಸಿನಿಮಾದಲ್ಲಿ.

ಹಳೇರೀಲು:
ಹೌದು, ಬರ್ನಾರ್ಡ್. ಕಾಪ್ರಾ ಜೊತೆ ಮೊದಲ ಸಿನಿಮಾ ಅದು. ಕಡೆಯ ಸಿನಿಮಾವೂ ಕಾಪ್ರಾದ್ದೇ, 1961ರ 'ಪಾಕೆಟ್‌ಫುಲ್ ಆಫ್ ಮಿರಾಕಲ್ಸ್'.

ನೈಟ್‌ಶೋ:
ಎರಡು ದಿನ ಆಯ್ತು, ಬಂದೆ. 'ಹೈ ನೂನ್' ಮತ್ತೆ ನೋಡಿದೆ. ಮೊದಲು ನೋಡಿದಾಗ ಹೀರೋ ಗ್ಯಾರಿ ಕೂಪರ್ ಮತ್ತೆ ಗಡಿಯಾರ ಬಿಟ್ಟರೆ ಏನೂ ನೋಡಿರಲಿಲ್ಲ ಅಂತ ಈಗ ಗೊತ್ತಾಯ್ತು.

ಊರಿನ ಕಾನೂನು ಕಾಯೋ ಮಾರ್ಷಲ್ ಕೂಪರ್, ತನ್ನನ್ನು ಕೊಲ್ಲಲು ಕಾದಿರೋ ನಾಲ್ವರ ವಿರುದ್ಧ ಸಹಾಯ ಕೇಳಲು ಚರ್ಚಿಗೆ ಬರ್ತಾನೆ. ಒಂದಿಷ್ಟು ಜನ ಎದ್ದೂ ನಿಲ್ತಾರೆ. ಆಗ ಮೇಯರ್ ಮಿಚೆಲ್ ಎಲ್ಲರನ್ನೂ ಸಮಾಧಾನ ಮಾಡಿ, ಮಕ್ಕಳನ್ನು ಹೊರಗೆ ಕಳಿಸಿ, ಒಬ್ಬೊಬ್ಬರಿಗೂ ಮಾತಾಡಲು ಬಿಟ್ಟು, ಕೊನೆಗೆ ತಾನು ಎದ್ದು ನಿಲ್ತಾನೆ. ಈ ಮನುಷ್ಯನ ಋಣ ನಮ್ಮ ಮೇಲಿದೆ ಅಂತಾನೆ. ಇಂಥ ಒಳ್ಳೇ ಮಾರ್ಷಲ್ ಹಿಂದೆ ಬಂದಿಲ್ಲ, ಮುಂದೆ ಬರಲ್ಲ ಅನ್ನೋ ಥರ ಹೊಗಳ್ತಾನೆ. ನಾನು ಸೋಫಾದಲ್ಲಿ ಮುಂದಕ್ಕೆ ಬಂದಿದ್ದೆ, ಕತೆ ಗೊತ್ತಿದ್ದೂ! ಅಬ್ಬಾ ಒಬ್ಬ ಸಿಕ್ಕಿದ ಅಂತ. ಆಮೇಲೆ ಅದೇ ದನಿಯಲ್ಲಿ, ಒಂದು ಎಳೆಯೂ ಏರಿಳಿಯದೆ, ಉತ್ತರದವರು ಇಲ್ಲಿ ಅಂಗಡಿ ಕಾರ್ಖಾನೆಗೆ ದುಡ್ಡು ಹಾಕೋ ಯೋಚನೆಯಲ್ಲಿದ್ದಾರೆ, ಬೀದಿಯಲ್ಲಿ ಗುಂಡು ಹಾರಿದರೆ ಏನಂದುಕೊಳ್ತಾರೆ ಅಂತಾನೆ. ಆಮೇಲೆ ಕೂಪರ್ ಕಡೆ ತಿರುಗಿ, ನೀನು ಊರು ಬಿಟ್ಟು ಹೋಗೋದು ಒಳ್ಳೇದು, ನಿಂಗೂ ನಮಗೂ. ಕೂಪರ್ ಥ್ಯಾಂಕ್ಸ್ ಅಂದು ಹೊರಡ್ತಾನೆ.

ನಾಲ್ಕು ಬಂದೂಕಿನವರಿಗಿಂತ ಈ ಮೇಯರ್ ಮೇಲೆ ಸಿಟ್ಟು ಬಂತು ನಂಗೆ. ಕೈಯಲ್ಲಿ ಗ್ಲಾಸಿಲ್ಲ, ಕಣ್ಣಲ್ಲಿ ನೀರಿಲ್ಲ. ಹೆಗಲ ಮೇಲೆ ಕೈ ಹಾಕಿ ಬಾವಿಗೆ ತಳ್ಳಿದ ಹಾಗಿತ್ತು. ನಮ್ಮ ಅಪಾರ್ಟ್‌ಮೆಂಟ್ ಸಂಘದ ಮೀಟಿಂಗಲ್ಲಿ ಇಂಥದ್ದೇ ಭಾಷಣ ಕೇಳಿದ್ದೀನಿ, ಶುರುವಾಗೋದು ಯಾವಾಗಲೂ ಹೊಗಳಿಕೆಯಿಂದಲೇ.

ಒಪ್ಪಿದೆ. ಬ್ರೆನ್ನನ್ ಕೈಲಿ ಈ ಮೇಯರ್ ಆಗ್ತಿರಲಿಲ್ಲ.

ಹಳೇರೀಲು:
ಆಹಾ! ಅಣ್ಣನ ಮಗನಿಗೆ ಓದಿ ಹೇಳ್ತೀನಿ ಇದನ್ನ.

ನೈಟ್‌ಶೋ:
ಅದಿರಲಿ, 'ಮೇಕ್ ವೇ' ಎಲ್ಲಿ ಸಿಗುತ್ತೆ ಹೇಳಿ. ಈ ಭಾನುವಾರ ಊರಿಂದ ಅಮ್ಮ ಬರ್ತಿದ್ದಾರೆ, ಅವರ ಜೊತೆ ನೋಡೋಣ ಅಂತ.

ಸಿಂಚನ_ಧಾರವಾಡ:
ಅಯ್ಯೋ, ಅಮ್ಮನ ಜೊತೆ ಮಾತ್ರ ಬ್ಯಾಡ್ರಿ. ಅವರನ್ನು ಊರಿಗೆ ಬಸ್ ಹತ್ತಿಸಿ ಬಂದು ಒಬ್ಬರೇ ನೋಡ್ರಿ. ಆಮೇಲೆ ಒಂದು ಫೋನ್ ಮಾಡ್ರಿ ಅವರಿಗೆ.